ಹಂಪಿ, ಬಾದಾಮಿ, ವಿಜಯಪುರ ಬಸ್ ಪ್ರವಾಸ: ಪದೇ ಪದೇ ಕೇಳುವ ಪ್ರಶ್ನೆಗಳು

ಬೆಂಗಳೂರಿನಲ್ಲಿ ರಾತ್ರಿ ಬಸ್ ಹತ್ತಿ, ಗೈಡ್ ಜೊತೆ ಹಂಪಿ, ಬಾದಾಮಿ, ಪಟ್ಟದಕಲ್ಲು, ಐಹೊಳೆ, ವಿಜಯಪುರ ನೋಡಿಕೊಂಡು ವಾಪಸ್ ಬರುವ ಪ್ರವಾಸದ ಬಗ್ಗೆ ಇದು. ಈ ದಾರಿಯಲ್ಲಿ ಗುಂಪುಗಳ ಜೊತೆ ಹೋಗುತ್ತಿರುತ್ತೇನೆ. ಹೊರಡುವ ವಾರ ಬರುವ ಫೋನುಗಳಲ್ಲಿ ಮುಕ್ಕಾಲು ಪಾಲು ಇವೇ ಪ್ರಶ್ನೆಗಳು.

ಎಷ್ಟು ದಿನ ಬೇಕು?

ನಾಲ್ಕು ಹಗಲು. ಹೋಗುವ ರಾತ್ರಿ, ಬರುವ ರಾತ್ರಿ ಬಸ್ಸಿನಲ್ಲೇ ಕಳೆಯುತ್ತದೆ. ಭಾನುವಾರ ರಾತ್ರಿ ಬೆಂಗಳೂರು ಬಿಟ್ಟರೆ ಸೋಮವಾರ ಬೆಳಗ್ಗೆ ಹೊಸಪೇಟೆ. ಸೋಮವಾರ ಪೂರ್ತಿ, ಮಂಗಳವಾರ ಮಧ್ಯಾಹ್ನದವರೆಗೆ ಹಂಪಿ. ಊಟ ಆದ ತಕ್ಷಣ ಹೊರಟರೆ ಬೆಳಕಿರುವಾಗಲೇ ಬಾದಾಮಿ ಸೇರಬಹುದು. ಬುಧವಾರ ಬಾದಾಮಿ, ಪಟ್ಟದಕಲ್ಲು, ಐಹೊಳೆ ಮುಗಿಸಿ ರಾತ್ರಿಗೆ ವಿಜಯಪುರ. ಗುರುವಾರ ಅಲ್ಲಿ ಸುತ್ತಾಡಿ ರಾತ್ರಿ ಬಸ್ ಹತ್ತಿದರೆ ಶುಕ್ರವಾರ ಬೆಳಗ್ಗೆ ಮನೆ.

'ಎರಡು ದಿನದಲ್ಲಿ ಹದಿನೈದು ಜಾಗ' ಎನ್ನುವ ಪ್ಯಾಕೇಜುಗಳೂ ಇವೆ. ಅವುಗಳಲ್ಲಿ ಪಟ್ಟದಕಲ್ಲಿಗೆ ಸಿಗುವುದು ಇಪ್ಪತ್ತು ನಿಮಿಷ. ಚಪ್ಪಲಿ ಬಿಟ್ಟು ಹಾಕಿಕೊಳ್ಳುವುದರಲ್ಲೇ ಐದು ನಿಮಿಷ ಹೋಗುತ್ತದೆ. ಬುಕ್ ಮಾಡುವಾಗ ಎಷ್ಟು ಜಾಗ ತೋರಿಸುತ್ತೀರಿ ಅಂತ ಕೇಳಬೇಡಿ. ಯಾವ ಜಾಗಕ್ಕೆ ಎಷ್ಟು ಗಂಟೆಗೆ ಕರೆದುಕೊಂಡು ಹೋಗುತ್ತೀರಿ ಅಂತ ಕೇಳಿ. ಉತ್ತರ ಕೊಡಲು ತಡವರಿಸಿದರೆ ಬೇರೆಯವರನ್ನು ನೋಡಿ.

ಶನಿವಾರ, ಭಾನುವಾರ ಬಿಟ್ಟು ವಾರದ ಮಧ್ಯೆ ಯಾಕೆ?

ಒಂದು, ಜನ ಕಡಿಮೆ. ಎರಡು, ಶುಕ್ರವಾರದ ಸಮಸ್ಯೆ. ಹಂಪಿ ಪಕ್ಕದ ಕಮಲಾಪುರ, ಬಾದಾಮಿ, ಐಹೊಳೆ, ಗೋಲಗುಂಬಜ್ ಈ ನಾಲ್ಕೂ ಕಡೆ ಪುರಾತತ್ವ ಇಲಾಖೆಯ ಮ್ಯೂಸಿಯಂ ಇದೆ. ನಾಲ್ಕಕ್ಕೂ ಶುಕ್ರವಾರ ರಜೆ. ಗುರುವಾರ ರಾತ್ರಿ ಹೊರಡುವ ಬಸ್ಸಿನವರು ಕಮಲಾಪುರದಲ್ಲಿ ಬೀಗ ನೋಡಿಕೊಂಡು ಬರುತ್ತಾರೆ. ಹಂಪಿಯ ಬೆಟ್ಟ, ಹೊಳೆ, ಗುಡಿಗಳನ್ನೆಲ್ಲ ಒಂದೇ ನೋಟದಲ್ಲಿ ತೋರಿಸುವ ದೊಡ್ಡ ಮಾದರಿ ಇರುವುದು ಅಲ್ಲೇ. ಅದನ್ನು ಮೊದಲು ನೋಡಿದರೆ ಆಮೇಲೆ ದಿಕ್ಕು ತಪ್ಪುವುದಿಲ್ಲ.

ರಜೆ ಸಿಗದವರು ಶುಕ್ರವಾರ ರಾತ್ರಿ ಹೊರಡಿ. ಹಂಪಿಯಲ್ಲಿ ಜನಜಂಗುಳಿ ಇರುತ್ತದೆ, ಆದರೆ ಮ್ಯೂಸಿಯಂ ತಪ್ಪುವುದಿಲ್ಲ.

ಸ್ವಂತ ಕಾರಿನಲ್ಲೋ ರೈಲಿನಲ್ಲೋ ಹೋದರೆ ಆಗಲ್ವಾ?

ಧಾರಾಳವಾಗಿ ಆಗುತ್ತದೆ. ಹೊಸಪೇಟೆಗೆ ಹಂಪಿ ಎಕ್ಸ್‌ಪ್ರೆಸ್ ಇದೆ. ಗೋಲಗುಂಬಜ್ ಎಕ್ಸ್‌ಪ್ರೆಸ್ ಬಾದಾಮಿ ಮೇಲೆ ಹಾದು ವಿಜಯಪುರಕ್ಕೆ ಹೋಗುತ್ತದೆ. ತೊಂದರೆ ಇರುವುದು ಊರಿನಿಂದ ಊರಿಗೆ ಹೋಗುವಾಗ. ಐಹೊಳೆ, ಪಟ್ಟದಕಲ್ಲಿಗೆ ರೈಲಿಲ್ಲ, ಊರ ಬಸ್ಸುಗಳು ಅವುಗಳ ಪಾಡಿಗೆ ಬರುತ್ತವೆ, ಹೋಗುತ್ತವೆ. ಕಾರಾದರೆ ಬರೀ ಬೆಂಗಳೂರು–ಹೊಸಪೇಟೆ ಸುಮಾರು 340 ಕಿಲೋಮೀಟರ್. ಡ್ರೈವ್ ಮಾಡಿ ಸುಸ್ತಾದವರು ಮರುದಿನ ಬಿಸಿಲಿನಲ್ಲಿ ನಡೆಯಲು ಒಪ್ಪುವುದಿಲ್ಲ. ನಾಲ್ಕೈದು ಜನ ಸ್ನೇಹಿತರಿದ್ದು, ಒಂದು ವಾರ ಬಿಡುವಿದ್ದರೆ ಬಸ್ ಪ್ರವಾಸ ನಿಮಗೆ ಬೇಡವೇ ಬೇಡ.

ಯಾವ ಸೀಟು ಒಳ್ಳೆಯದು?

ಮುಂದಿನ ಎರಡು ಸಾಲು ಮತ್ತು ಕೊನೆಯ ಸಾಲು ಬಿಟ್ಟು ಯಾವುದಾದರೂ. ಮುಂದೆ ಕೂತರೆ ಇಡೀ ರಾತ್ರಿ ಎದುರಿನ ಗಾಡಿಗಳ ಲೈಟು, ಹಿಂದೆ ಕೂತರೆ ಕುಲುಕಾಟ. ಒಬ್ಬರೇ ಬರುವ ಹೆಣ್ಣುಮಕ್ಕಳು ಬುಕ್ ಮಾಡುವಾಗಲೇ ಹೇಳಿಬಿಡಿ, ಪಕ್ಕದ ಸೀಟು ಮಹಿಳೆಯರಿಗೇ ಕೊಡುತ್ತಾರೆ. ರೂಮ್ ಹಂಚಿಕೊಳ್ಳುವುದನ್ನೂ ಆಗಲೇ ಮಾತಾಡಿಕೊಳ್ಳಿ.

ದುಡ್ಡಿನಲ್ಲಿ ಏನೇನು ಸೇರಿರುತ್ತದೆ?

ಜಗಳ ಹುಟ್ಟುವುದೇ ಇಲ್ಲಿ. ಸಾಮಾನ್ಯವಾಗಿ ಬಸ್, ರೂಮ್, ಜೊತೆಗೆ ಬರುವ ಗೈಡ್, ಬೆಳಗಿನ ತಿಂಡಿ ಸೇರಿರುತ್ತದೆ. ಮಧ್ಯಾಹ್ನ, ರಾತ್ರಿಯ ಊಟ, ಪ್ರವೇಶ ಟಿಕೆಟ್, ವಿಠ್ಠಲ ಗುಡಿಯ ಬ್ಯಾಟರಿ ಗಾಡಿ, ತೆಪ್ಪದ ಚಾರ್ಜು ಬಹಳ ಸಲ ನಿಮ್ಮ ಜೇಬಿನಿಂದ. ಎಲ್ಲವನ್ನೂ ಬರಹದಲ್ಲಿ ಕೇಳಿ ಪಡೆಯಿರಿ, ವಾಟ್ಸಾಪ್ ಮೆಸೇಜ್ ಆದರೂ ಸಾಕು. 'ಹಂಪಿ ಹತ್ತಿರ' ಎಂದು ಬರೆದಿದ್ದ ಹೋಟೆಲು ಒಂದು ಸಲ ಹೆದ್ದಾರಿಯಲ್ಲಿ ಬಹಳ ಹಿಂದಕ್ಕೆ ಸಿಕ್ಕಿತ್ತು. ಆದ್ದರಿಂದ ಹೋಟೆಲಿನ ಹೆಸರನ್ನೂ ಕೇಳಿ. ಉಳಿಯಲು ಕಮಲಾಪುರ ಅಥವಾ ಹೊಸಪೇಟೆ ಸರಿ. ಪ್ರವಾಸೋದ್ಯಮ ನಿಗಮದ ಮಯೂರ ಹೋಟೆಲುಗಳು ಕಮಲಾಪುರ, ಬಾದಾಮಿ, ವಿಜಯಪುರ ಮೂರೂ ಕಡೆ ಇವೆ. ಥಳುಕಿಲ್ಲ, ಜಾಗ ಚೆನ್ನಾಗಿದೆ.

ಟಿಕೆಟ್ ದುಬಾರಿಯೇನಲ್ಲ. ಹಂಪಿ, ಪಟ್ಟದಕಲ್ಲಿನಂಥ ವಿಶ್ವ ಪರಂಪರೆಯ ಜಾಗಗಳಲ್ಲಿ ಭಾರತೀಯರಿಗೆ 40 ರೂಪಾಯಿ, ಬಾದಾಮಿ ಗುಹೆ, ಗೋಲಗುಂಬಜ್‌ನಂಥ ಕಡೆ 25. 15 ವರ್ಷದೊಳಗಿನ ಮಕ್ಕಳಿಗೆ ಇಲ್ಲ. ವಿಠ್ಠಲ ಗುಡಿಯ ಟಿಕೆಟ್ಟನ್ನು ಬಿಸಾಡಬೇಡಿ. ಅದೇ ದಿನ ಕಮಲ ಮಹಲಿನ ಆವರಣಕ್ಕೂ ಕಮಲಾಪುರ ಮ್ಯೂಸಿಯಮ್ಮಿಗೂ ಅದೇ ನಡೆಯುತ್ತದೆ.

ನಾವು ಅಮೆರಿಕದಲ್ಲಿರುವ ಕನ್ನಡಿಗರು. ನಮಗೆ ವಿದೇಶಿ ದರವೇ?

ಅಮೆರಿಕದ ಪೌರತ್ವ ತೆಗೆದುಕೊಂಡಿದ್ದರೂ ಒಸಿಐ ಕಾರ್ಡ್ (ಭಾರತ ಮೂಲದ ವಿದೇಶಿ ಪ್ರಜೆಗಳಿಗೆ ನಮ್ಮ ಸರ್ಕಾರ ಕೊಡುವ ಕಾರ್ಡು) ಇದ್ದರೆ ಭಾರತೀಯರ ದರವೇ. 2021ರಿಂದ ಹಾಗಿದೆ. ಮೂಲ ಕಾರ್ಡು ಕೈಯಲ್ಲಿರಲಿ, ಕೌಂಟರಿನಲ್ಲಿ ಕೇಳುತ್ತಾರೆ. ಇಲ್ಲದಿದ್ದರೆ ವಿಠ್ಠಲ ಗುಡಿಗೆ ತಲೆಗೆ 600 ರೂಪಾಯಿ ಆಗುತ್ತದೆ, ಎಷ್ಟು ಚೆಂದ ಕನ್ನಡ ಮಾತಾಡಿದರೂ ಬಿಡಲ್ಲ.

ಗೈಡ್ ಹೇಳುವುದನ್ನೆಲ್ಲ ನಂಬಬಹುದಾ?

ನಂಬಬೇಡಿ, ಆದರೆ ಕೇಳಿ. ಬಸ್ಸಿನ ಜೊತೆ ಬರುವವರಿಗಿಂತ ಸ್ಥಳೀಯ ಗೈಡುಗಳು ಮೇಲು. ಗುರುತಿನ ಚೀಟಿ ಇರುವವರನ್ನೇ ಕರೆದುಕೊಳ್ಳಿ. ಹಂಪಿಯವರಿಗೆ ಪ್ರತಿ ಕಲ್ಲಿನ ಜಾತಕ ಗೊತ್ತು. ಅದರ ಜೊತೆಗೆ ಕಥೆಗಳೂ ಬರುತ್ತವೆ. ವಿಠ್ಠಲ ಗುಡಿಯಲ್ಲಿ ಸಂಗೀತ ಕಂಬದ ಒಳಗೇನಿದೆ ಅಂತ ಬ್ರಿಟಿಷರು ಕತ್ತರಿಸಿ ನೋಡಿದರು ಎನ್ನುವುದು ಒಂದು. ವಿಜಯಪುರದ ಮಲಿಕ್-ಎ-ಮೈದಾನ್ ತೋಪಿನ ಬತ್ತಿ ಹೊತ್ತಿಸಿದವನು ಕಿವಿ ಒಡೆಯಬಾರದು ಅಂತ ಪಕ್ಕದ ತೊಟ್ಟಿಗೆ ಹಾರುತ್ತಿದ್ದ ಎನ್ನುವುದು ಇನ್ನೊಂದು. ಆ ತೋಪು ಸುಮಾರು 55 ಟನ್ ತೂಕದ್ದು, ಬಾಯಿ ಸಿಂಹದ ಮುಖದಂತಿದೆ. ಅದನ್ನು ನೋಡುತ್ತಾ ನಿಂತವರಿಗೆ ಕಥೆ ಸುಳ್ಳು ಅನ್ನಿಸುವುದೇ ಇಲ್ಲ.

ಐಹೊಳೆಯ ದುರ್ಗ ಗುಡಿ ದುರ್ಗಾದೇವಿಯದು ಅಂತ ಯಾರಾದರೂ ಹೇಳಿದರೆ ಮಾತ್ರ ತಿದ್ದಿ. ಕೋಟೆಯ, ಅಂದರೆ ದುರ್ಗದ ಪಕ್ಕ ಇದ್ದದ್ದಕ್ಕೆ ಆ ಹೆಸರು.

ಹಂಪಿಯಲ್ಲಿ ಒಂದೂವರೆ ದಿನ ಸಾಕಾಗುತ್ತದಾ?

ಸಾಕಾಗಲ್ಲ. ಆದರೆ ಹೊತ್ತು ನೋಡಿ ಹಂಚಿಕೊಂಡರೆ ಮುಖ್ಯವಾದದ್ದು ತಪ್ಪುವುದಿಲ್ಲ.

ವಿಠ್ಠಲ ಗುಡಿಗೆ ಮೊದಲ ದಿನವೇ, ಗೇಟು ತೆರೆಯುವ ಹೊತ್ತಿಗೆ ಹೋಗಿ. ಗಾಡಿಗಳು ಗುಡಿಯವರೆಗೆ ಹೋಗುವುದಿಲ್ಲ. ಸುಮಾರು ಒಂದು ಕಿಲೋಮೀಟರ್ ದೂರ ಬ್ಯಾಟರಿ ಗಾಡಿಯಲ್ಲಿ ಹೋಗಬೇಕು, ಇಲ್ಲ ನಡೆಯಬೇಕು. ಹತ್ತು ಗಂಟೆಯ ಮೇಲೆ ಆ ಗಾಡಿಗೇ ಉದ್ದ ಸಾಲು. ಬೇಗ ಹೋದರೆ ಕಲ್ಲಿನ ರಥದ ಮುಂದೆ ನೀವೇ ನಾಲ್ಕು ಜನ. 50 ರೂಪಾಯಿ ನೋಟಿನ ಹಿಂಬದಿಯಲ್ಲಿರುವುದು ಅದೇ ರಥ. ನೋಟು ಹಿಡಿದು ಫೋಟೊ ತೆಗೆಸಿಕೊಳ್ಳದ ಬಸ್ಸನ್ನು ನಾನಿನ್ನೂ ನೋಡಿಲ್ಲ. ಕಂಬಗಳನ್ನು ತಟ್ಟುವ ಹಾಗಿಲ್ಲ, ಕಾವಲುಗಾರರು ಸೀಟಿ ಊದುತ್ತಾರೆ.

ನಡು ಹಗಲಿಗೆ ಮ್ಯೂಸಿಯಂ, ಊಟ, ಆಮೇಲೆ ಮರದ ನೆರಳಿರುವ ಕಮಲ ಮಹಲ್, ಆನೆ ಲಾಯ. ಹಜಾರ ರಾಮನ ಗುಡಿಯಲ್ಲಿ ಅವಸರ ಮಾಡಬೇಡಿ. ಗೋಡೆ ಸುತ್ತ ರಾಮಾಯಣ ಸಾಲುಸಾಲಾಗಿ ಕೆತ್ತಿದೆ, ಮಕ್ಕಳಿಗೆ ನೀವೇ ಓದಿ ಹೇಳಬಹುದು. ಹೊರಗೋಡೆಯ ಸಾಲುಗಳಲ್ಲಿ ಕುದುರೆ, ಆನೆ, ಕುಣಿಯುವ ಹೆಂಗಸರ ಮೆರವಣಿಗೆ ಇದೆ. ಮಹಾನವಮಿ ದಿಬ್ಬದ ಮೇಲೆ ಮಧ್ಯಾಹ್ನ ಹತ್ತಿಸುವ ಗೈಡನ್ನು ಕ್ಷಮಿಸಬೇಡಿ.

ಸಂಜೆ ಹೇಮಕೂಟ. ಮಾತಂಗ ಬೆಟ್ಟದ ನೋಟ ಇನ್ನೂ ಜೋರು, ಆದರೆ ಬಸ್ಸಿನ ಗುಂಪನ್ನು ಕತ್ತಲಾಗುವ ಮುಂಚೆ ಅಲ್ಲಿಂದ ಇಳಿಸುವುದು ಕಷ್ಟ. ಹೇಮಕೂಟ ಹತ್ತುವುದು ಸುಲಭ, ವಿರೂಪಾಕ್ಷನ ಗೋಪುರ ಕಣ್ಣೆದುರಿಗೇ ಇರುತ್ತದೆ. ಇಳಿದು ದರ್ಶನಕ್ಕೆ ಹೋಗಿ. ಮಧ್ಯಾಹ್ನ ಗರ್ಭಗುಡಿ ಬಾಗಿಲು ಹಾಕಿರುತ್ತಾರೆ.

ಎರಡನೇ ದಿನ ಬೆಳಗ್ಗೆ ಉಗ್ರ ನರಸಿಂಹ, ಬಡವಿಲಿಂಗ, ಕೃಷ್ಣ ಗುಡಿ, ಸಾಸಿವೆಕಾಳು ಗಣಪ. ಎಲ್ಲ ಹತ್ತಿರ ಹತ್ತಿರ. ನರಸಿಂಹನನ್ನು 1528ರಲ್ಲಿ, ಕೃಷ್ಣದೇವರಾಯನ ಕಾಲದಲ್ಲಿ, ಒಂದೇ ಬಂಡೆಯಲ್ಲಿ ಕೆತ್ತಿದ್ದು. ಎತ್ತರ 6.7 ಮೀಟರ್.

ಯಾವ ರಾಜ ಮೊದಲು, ಯಾವ ರಾಜ ಆಮೇಲೆ? ಎಲ್ಲ ಕಲಸಿಹೋಗುತ್ತದೆ.

ಕಲಸಿಹೋಗದೆ ಇನ್ನೇನು? ಬಸ್ ಹೋಗುವ ದಾರಿಗೂ ಕಾಲದ ದಾರಿಗೂ ಹೊಂದಿಕೆಯೇ ಇಲ್ಲ. ಮೊದಲು ಸಿಗುವ ಹಂಪಿ 1336ರ ನಂತರದ್ದು. ಮರುದಿನ ಬಾದಾಮಿಗೆ ಹೋದರೆ ಎಂಟುನೂರು ವರ್ಷ ಹಿಂದಕ್ಕೆ ಹೋಗಿರುತ್ತೀರಿ. ಅಲ್ಲಿಯ ಬೆಟ್ಟದಲ್ಲಿ ಚಾಲುಕ್ಯರ ಒಂದನೇ ಪುಲಕೇಶಿ ಕೋಟೆ ಕಟ್ಟಿದ್ದು 543ರಲ್ಲಿ ಅಂತ ಶಾಸನವೇ ಇದೆ. ಮೂರನೇ ದಿನ ವಿಜಯಪುರದಲ್ಲಿ ಇಳಿದರೆ ಹದಿನೇಳನೇ ಶತಮಾನ.

ಹಂಪಿಗೂ ವಿಜಯಪುರಕ್ಕೂ ನೇರ ಗಂಟು 1565ರ ಯುದ್ಧ. ತಾಳಿಕೋಟೆ ಯುದ್ಧ ಅಂತ ಶಾಲೆಯಲ್ಲಿ ಓದಿದ್ದೀವಲ್ಲ, ಅದೇ. ದಖ್ಖನ್ನಿನ ಸುಲ್ತಾನರು ಒಟ್ಟಾಗಿ ವಿಜಯನಗರವನ್ನು ಸೋಲಿಸಿದರು. ಇಷ್ಟನ್ನೇ ಹಿಡಿದುಕೊಂಡು ಎರಡು ಬಣ ಮಾಡಿ ಬಸ್ಸಿನಲ್ಲಿ ವಾದ ಶುರುವಾಗುವುದುಂಟು. ಆಗ ನಾನು ಎರಡು ವಿಷಯ ನೆನಪಿಸುತ್ತೇನೆ. ಹಂಪಿಯ ಕಮಲ ಮಹಲಿನ ಕಮಾನುಗಳು ಸುಲ್ತಾನರ ಕಟ್ಟಡಗಳ ಶೈಲಿಯವು. ಇತ್ತ ವಿಜಯಪುರದ ಎರಡನೇ ಇಬ್ರಾಹಿಂ ಆದಿಲ್‌ಶಾಹ ಸಂಗೀತದ ಹುಚ್ಚಿನವನು, ತನ್ನ 'ಕಿತಾಬ್-ಎ-ನವರಸ್'ನಲ್ಲಿ ಸರಸ್ವತಿಯನ್ನು ಹೊಗಳಿದವನು. ಜಗದ್ಗುರು ಬಾದಶಹಾ ಅಂತ ಅವನಿಗೆ ಹೆಸರು. ವಾದ ನಿಲ್ಲುವುದಿಲ್ಲ, ಸ್ವಲ್ಪ ದಿಕ್ಕು ಬದಲಾಗುತ್ತದೆ.

ಬಾದಾಮಿ ಅಂದರೆ ನಾಲ್ಕು ಗುಹೆ ಅಷ್ಟೇನಾ?

ಬಹಳ ಬಸ್ಸುಗಳಿಗೆ ಅಷ್ಟೇ. ಮೊದಲ ಗುಹೆಯ ಹದಿನೆಂಟು ಕೈಗಳ ನಟರಾಜ, ಮೂರನೇ ಗುಹೆಯ ವಿಷ್ಣು, ಮೇಲಿನ ಜೈನ ಗುಹೆ, ಇಳಿದು ಬಸ್. ಮೂರನೇ ಗುಹೆಯನ್ನು ಚಾಲುಕ್ಯರ ಮಂಗಳೇಶ 578ರಲ್ಲಿ ಮಾಡಿಸಿದ್ದು. ಅಲ್ಲಿಯ ಕಂಬದ ತುದಿಯ ಗಂಡು ಹೆಣ್ಣಿನ ಜೋಡಿಗಳನ್ನು ತಲೆಯೆತ್ತಿ ನೋಡಿ.

ನನ್ನ ಮಟ್ಟಿಗೆ ಬಾದಾಮಿಯ ಜೀವ ಇರುವುದು ಅಗಸ್ತ್ಯ ಕೆರೆಯ ಆಚೆ. ಸಂಜೆಯ ಬಿಸಿಲು ಭೂತನಾಥ ಗುಡಿಯ ಮೇಲೆ ನೇರ ಬೀಳುತ್ತದೆ, ಬಂಡೆ ಕೆಂಡದ ಬಣ್ಣಕ್ಕೆ ತಿರುಗುತ್ತದೆ. ಹಂಪಿಯಿಂದ ಬೇಗ ಹೊರಡಿ ಅಂದದ್ದು ಇದಕ್ಕೇ. ಕೆರೆಯ ಆಚೆ ಕಡೆಯ ಬಂಡೆಯ ಮೇಲೆ ಕಪ್ಪೆ ಅರಭಟ್ಟನ ಶಾಸನ ಇದೆ. 'ಸಾಧುಗೆ ಸಾಧು ಮಾಧುರ್ಯಂಗೆ ಮಾಧುರ್ಯಂ' ಅಂತ ಶಾಲೆಯಲ್ಲಿ ಬಾಯಿಪಾಠ ಮಾಡಿದ್ದು ಇದನ್ನೇ. ಕನ್ನಡದ ತ್ರಿಪದಿ ಸಿಗುವ ಬಹಳ ಹಳೆಯ ಜಾಗ. ಯಾವ ಬ್ರೋಶರಿನಲ್ಲೂ ಇದರ ಹೆಸರು ಇರುವುದಿಲ್ಲ. ಕನ್ನಡಿಗರ ಬಸ್ಸಿಗೆ ಇದಕ್ಕೊಂದು ಅರ್ಧ ಗಂಟೆ ಜಾಸ್ತಿಯಾಗಲ್ಲ. ಗೈಡಿಗೆ ಮೊದಲೇ ಹೇಳಿಡಿ.

ಪಟ್ಟದಕಲ್ಲು, ಐಹೊಳೆ ಎರಡೂ ಒಂದೇ ಥರ ಅಲ್ವಾ? ಒಂದನ್ನು ಬಿಟ್ಟರೆ?

ಬಿಡಬೇಡಿ. ಐಹೊಳೆಯಲ್ಲಿ ಶಿಲ್ಪಿಗಳು ಒಂದೊಂದು ಥರ ಕಟ್ಟಿ ನೋಡಿದ್ದಾರೆ, ಲಾಡಖಾನ್ ಗುಡಿಯ ಚಪ್ಪಟೆ ಸೂರು ನೋಡಿದರೆ ಗೊತ್ತಾಗುತ್ತದೆ. ಮೇಗುತಿ ಬೆಟ್ಟದ ಜಿನಾಲಯದಲ್ಲಿ ಇಮ್ಮಡಿ ಪುಲಕೇಶಿಯ ಗೆಲುವುಗಳನ್ನು ಹೇಳುವ ರವಿಕೀರ್ತಿಯ 634ರ ಶಾಸನ ಇದೆ. ಪಟ್ಟದಕಲ್ಲಿನಲ್ಲಿ ಆ ಕೈ ಪಳಗಿದೆ. ಉತ್ತರದ ಶಿಖರವೂ ದಕ್ಷಿಣದ ವಿಮಾನವೂ ಒಂದೇ ಹುಲ್ಲುಹಾಸಿನ ಮೇಲೆ ಪಕ್ಕಪಕ್ಕ ನಿಂತಿವೆ. ಇಲ್ಲಿಯ ವಿರೂಪಾಕ್ಷ ಗುಡಿಯನ್ನು ಕಟ್ಟಿಸಿದ್ದು ಲೋಕಮಹಾದೇವಿ, ಗಂಡ ಎರಡನೇ ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ ನೆನಪಿಗೆ. ಗೆದ್ದವನು ಕಂಚಿಯ ಕೈಲಾಸನಾಥ ಗುಡಿಯನ್ನು ಮುಟ್ಟಲಿಲ್ಲ, ಅಲ್ಲೊಂದು ಕನ್ನಡ ಶಾಸನ ಬರೆಸಿ ಬಂದ. ಪಟ್ಟದಕಲ್ಲಿನ ಶಾಸನದಲ್ಲಿ ಗುಡಿ ಕಟ್ಟಿದ ಸೂತ್ರಧಾರಿ ಗುಂಡ ಅನಿವಾರಿತಾಚಾರಿಯ ಹೆಸರೂ ಇದೆ. ಮೇಸ್ತ್ರಿಯ ಹೆಸರು ಉಳಿದಿರುವುದು ಎಷ್ಟು ಕಡೆ ಸಿಗುತ್ತದೆ ಹೇಳಿ.

ವಿಜಯಪುರದಲ್ಲಿ ಗೋಲಗುಂಬಜ್ ಬಿಟ್ಟು ಏನಿದೆ?

ಇಬ್ರಾಹಿಂ ರೋಜಾ. ನನ್ನನ್ನು ಕೇಳಿದರೆ ಗೋಲಗುಂಬಜ್‌ಗಿಂತ ಚೆಂದ ಅದೇ. ಒಂದೇ ಜಗಲಿಯ ಮೇಲೆ ಗೋರಿ, ಎದುರಿಗೆ ಮಸೀದಿ, ನಡುವೆ ಕೊಳ, ಕಿಟಕಿಯ ಜಾಲರಿಯೇ ಅಕ್ಷರಗಳು. ಬಾರಾಕಮಾನ್, ಜಾಮಿಯಾ ಮಸೀದಿಗೂ ಹೊತ್ತು ಇಟ್ಟುಕೊಳ್ಳಿ.

ಗೋಲಗುಂಬಜ್‌ಗೆ ಮಾತ್ರ ಬೆಳಗ್ಗೆ 6ಕ್ಕೇ ಹೋಗಿ. ಮೊಹಮ್ಮದ್ ಆದಿಲ್‌ಶಾಹನ ಗೋರಿ ಅದು. ಗುಮ್ಮಟದ ಹೊರ ಅಡ್ಡಳತೆ ಸುಮಾರು 44 ಮೀಟರ್, ನಡುವೆ ಒಂದೂ ಕಂಬ ಇಲ್ಲ. ಮೇಲಿನ ಪಿಸುಮಾತಿನ ಮೊಗಸಾಲೆಯಲ್ಲಿ ಗೋಡೆಗೆ ಬಾಯಿಟ್ಟು ಮೆಲ್ಲಗೆ ಹೇಳಿದ್ದು ಎದುರು ಬದಿಗೆ ಕೇಳಿಸಬೇಕು. ಒಂಬತ್ತು ಗಂಟೆಗೆ ಹೋದರೆ ಶೈಕ್ಷಣಿಕ ಪ್ರವಾಸದ ಮಕ್ಕಳು ತುಂಬಿರುತ್ತಾರೆ. ಇನ್ನೂರು ಮಕ್ಕಳ 'ಹೋ' ಏಳು ಸಲ ವಾಪಸ್ ಬಂದರೆ ಪಿಸುಮಾತಿನ ಗತಿ ಏನು! ಮಕ್ಕಳನ್ನು ಬೈಯಬೇಡಿ, ನಾವೂ ಹಾಗೇ ಕೂಗಿದ್ದವರು.

ಅಮ್ಮನಿಗೆ ಮಂಡಿನೋವು. ಕರೆದುಕೊಂಡು ಬರಬಹುದಾ?

ಬನ್ನಿ. ಎರಡು ಕಡೆ ಮಾತ್ರ ಯೋಚಿಸಬೇಕು. ಗೋಲಗುಂಬಜ್‌ನ ಮೊಗಸಾಲೆಗೆ ಮೂಲೆಯ ಗೋಪುರದೊಳಗಿನ ಕಡಿದಾದ, ಇಕ್ಕಟ್ಟಾದ ಮೆಟ್ಟಿಲನ್ನು ಏಳು ಅಂತಸ್ತು ಹತ್ತಬೇಕು. ಅಮ್ಮ ಕೆಳಗೇ ಕೂತು ಗುಮ್ಮಟ ನೋಡಲಿ, ಅದೂ ಕಡಿಮೆಯೇನಲ್ಲ. ಬಾದಾಮಿಯಲ್ಲಿ ಮೊದಲ ಗುಹೆಗೆ ಸುಮಾರು 40 ಮೆಟ್ಟಿಲು, ಅಲ್ಲಿಯವರೆಗೆ ನಿಧಾನಕ್ಕೆ ಹತ್ತಿಸಬಹುದು. ಪಟ್ಟದಕಲ್ಲು, ಇಬ್ರಾಹಿಂ ರೋಜಾ, ಕಮಲ ಮಹಲ್ ಹೆಚ್ಚುಕಡಿಮೆ ಸಮತಟ್ಟು. ಮಡಿಸುವ ಸಣ್ಣ ಸ್ಟೂಲ್ ತಂದುಕೊಂಡರೆ ಗೈಡ್ ಮಾತಾಡುವಾಗ ನಿಲ್ಲುವ ಕಷ್ಟ ತಪ್ಪುತ್ತದೆ.

ಯಾವ ತಿಂಗಳು ಒಳ್ಳೆಯದು?

ನವೆಂಬರ್‌ನಿಂದ ಫೆಬ್ರವರಿ. ಡಿಸೆಂಬರ್‌ನಲ್ಲಿ ಶಾಲಾ ಬಸ್ಸುಗಳು ಜಾಸ್ತಿ. ಏಪ್ರಿಲ್, ಮೇ ಬೇಡ, ವಿಜಯಪುರದಲ್ಲಿ 40 ಡಿಗ್ರಿ ದಾಟುತ್ತದೆ, ಹಂಪಿಯ ಬಂಡೆ ರಾತ್ರಿಯೂ ಬಿಸಿ. ಮಳೆಗಾಲದಲ್ಲಿ ತುಂಗಭದ್ರಾ ಅಣೆಕಟ್ಟಿನಿಂದ ನೀರು ಬಿಟ್ಟರೆ ತೆಪ್ಪ ನಿಲ್ಲಿಸುತ್ತಾರೆ, ಪುರಂದರ ಮಂಟಪ ಮುಳುಗುತ್ತದೆ. ಹಂಪಿ ಉತ್ಸವದ ದಿನಗಳಲ್ಲಿ ರೂಮ್ ಸಿಗುವುದೇ ಕಷ್ಟ. ಬನದ ಹುಣ್ಣಿಮೆಯ (ಪುಷ್ಯ ಮಾಸದ ಹುಣ್ಣಿಮೆ, ಸಾಮಾನ್ಯವಾಗಿ ಜನವರಿ) ಸುಮಾರಿಗೆ ಬಾದಾಮಿ ಪಕ್ಕದ ಬನಶಂಕರಿ ಜಾತ್ರೆ. ರಸ್ತೆ ತುಂಬಿರುತ್ತದೆ, ಆದರೆ ನಾಟಕ ಕಂಪನಿಗಳು ಬೀಡುಬಿಟ್ಟಿರುತ್ತವೆ. ರಾತ್ರಿ ಒಂದು ನಾಟಕ ನೋಡುವ ಮನಸ್ಸಿದ್ದರೆ ಆಗಲೇ ಬನ್ನಿ.

ಊಟ ಹೇಗೆ?

ಟೂರಿನವರು ನಿಲ್ಲಿಸುವ ಹೆದ್ದಾರಿ ಹೋಟೆಲಿನಲ್ಲಿ ಗೋಬಿ ಮಂಚೂರಿ, ಫ್ರೈಡ್ ರೈಸ್ ಇರುತ್ತದೆ. ಅದಕ್ಕೆ ಅಷ್ಟು ದೂರ ಬರಬೇಕಾ? ಖಾನಾವಳಿ ಕೇಳಿ. ಜೋಳದ ರೊಟ್ಟಿ, ಎಣ್ಣೆಗಾಯಿ, ಕಾಳುಪಲ್ಯ, ಶೇಂಗಾ ಚಟ್ನಿ, ಗಟ್ಟಿ ಮೊಸರು. ಬನಶಂಕರಿ ಗುಡಿಯ ಹತ್ತಿರ ಹೆಣ್ಣುಮಕ್ಕಳು ಬುಟ್ಟಿಯಲ್ಲಿ ರೊಟ್ಟಿ, ಪಲ್ಯ, ಕೆಂಪು ಚಟ್ನಿ ತಂದು ಬಡಿಸುತ್ತಾರೆ. ಕೂತು ತಿನ್ನಿ. 'ಇನ್ನೊಂದು ರೊಟ್ಟಿ ಹಾಕ್ಲೇನ್ರಿ' ಅಂದಾಗ ಬೇಡ ಅನ್ನಬೇಡಿ. ಬೆಂಗಳೂರಿನ ಹೊಟ್ಟೆಗೆ ಖಾರ ಜಾಸ್ತಿ ಅನ್ನಿಸಿದರೆ ಮೊಸರು ಇದ್ದೇ ಇದೆ. ಐಹೊಳೆಯ ಪಕ್ಕದ ಅಮೀನಗಡ ಕರದಂಟಿಗೆ ಹೆಸರಾದ ಊರು, ಮನೆಗೆ ಅಲ್ಲೇ ಕಟ್ಟಿಸಿಕೊಳ್ಳಿ.

ಟಾಯ್ಲೆಟ್?

ಟಿಕೆಟ್ ಇರುವ ಜಾಗಗಳಲ್ಲಿ ಇದೆ, ಸ್ವಚ್ಛತೆ ದಿನದ ಮೇಲೆ. ಕಷ್ಟ ರಾತ್ರಿ ದಾರಿಯಲ್ಲಿ. ಮೂರು ಗಂಟೆಗೊಮ್ಮೆ ಬಂಕಿನಲ್ಲಿ ನಿಲ್ಲಿಸಬೇಕು ಅಂತ ಹತ್ತುವಾಗಲೇ ಡ್ರೈವರಿಗೆ ಹೇಳಿ. ನಾಚಿಕೊಂಡು ನೀರು ಕುಡಿಯದೆ ಕೂತು ಮರುದಿನ ತಲೆಸುತ್ತು ಬಂದ ಹೆಂಗಸರನ್ನು ನೋಡಿದ್ದೇನೆ.

ಬಟ್ಟೆ, ಚಪ್ಪಲಿ, ಕೋತಿ?

ಹತ್ತಿ ಬಟ್ಟೆ, ಟೋಪಿ, ಹಿಡಿತವಿರುವ ಚಪ್ಪಲಿ. ಗುಡಿಯಲ್ಲಿ ಬಿಸಿ ಕಲ್ಲಿನ ಮೇಲೆ ನಡೆಯಲು ಒಂದು ಜೊತೆ ಹಳೆಯ ಕಾಲುಚೀಲ. ಬಾದಾಮಿಯ ಕೋತಿಗಳು ಪ್ಲಾಸ್ಟಿಕ್ ಕವರಿನ ಸದ್ದು ಕೇಳಿದರೆ ಸಾಕು, ಬರುತ್ತವೆ. ಕೈಯಲ್ಲಿ ತಿಂಡಿ ಹಿಡಿಯಬೇಡಿ. ಕನ್ನಡಕವನ್ನೂ ಜೋಪಾನ ಮಾಡಿ.

ಕಲಬುರಗಿ, ಬೀದರ್ ಸೇರಿಸಿಕೊಳ್ಳಬಹುದಾ?

ಇನ್ನೆರಡು ದಿನ ಇದ್ದರೆ ಖಂಡಿತ. ಇಲ್ಲದಿದ್ದರೆ ಬೇಡ. ವಿಜಯಪುರದಿಂದ ಕಲಬುರಗಿ ಸುಮಾರು 160 ಕಿಲೋಮೀಟರ್, ಅಲ್ಲಿಂದ ಬೀದರ್ 115ರ ಆಸುಪಾಸು. 1347ರಲ್ಲಿ ಶುರುವಾದ ಬಹಮನಿ ಸುಲ್ತಾನರ ರಾಜ್ಯಕ್ಕೆ ಮೊದಲು ರಾಜಧಾನಿಯಾಗಿದ್ದು ಕಲಬುರಗಿ. ಕೋಟೆಯೊಳಗಿನ ಜಾಮಿಯಾ ಮಸೀದಿಗೆ ಬಯಲು ಅಂಗಳವೇ ಇಲ್ಲ, ಪೂರ್ತಿ ಸೂರು. ಬಂದೇನವಾಜ್ ದರ್ಗಾ, ಶರಣಬಸವೇಶ್ವರರ ಗುಡಿ ಎರಡಕ್ಕೂ ಜನ ಒಂದೇ ದಿನ ಹೋಗಿಬರುತ್ತಾರೆ.

ಬೀದರಿಗೆ ಒಂದು ಪೂರ್ತಿ ದಿನ ಕೊಡಬೇಕು. ಕೋಟೆಯ ರಂಗೀನ್ ಮಹಲಿನಲ್ಲಿ ಕರಿಕಲ್ಲಿಗೆ ಮುತ್ತಿನ ಚಿಪ್ಪು ಕೂರಿಸಿದ ಕೆಲಸ ಇದೆ, ಬೀಗ ಹಾಕಿದ್ದರೆ ಸಿಬ್ಬಂದಿಯನ್ನು ಕೇಳಿ ತೆಗೆಸಿ. ಬಹಮನಿಗಳ ಮಂತ್ರಿ ಮಹಮೂದ್ ಗವಾನನ 1472ರ ಮದರಸಾದ ಅರ್ಧ ಭಾಗ ಕುಸಿದಿದೆ, ಉಳಿದ ಗೋಡೆಯಲ್ಲಿ ನೀಲಿ ಹೆಂಚುಗಳು ಇನ್ನೂ ಹೊಳೆಯುತ್ತವೆ. ಮಧ್ಯಾಹ್ನ ಗುರುದ್ವಾರ ನಾನಕ್ ಝೀರಾದ ಲಂಗರಿನಲ್ಲಿ ಊಟ ಮಾಡಿ, ತಲೆಗೆ ಬಟ್ಟೆ ಮರೆಯಬೇಡಿ. ಬಿದರಿ ಕೊಳ್ಳುವವರು ಅಂಗಡಿಗಿಂತ ಕೆಲಸ ಮಾಡುವ ಜಾಗಕ್ಕೇ ಹೋಗಿ. ಸತು, ತಾಮ್ರದ ಎರಕಕ್ಕೆ ಬೆಳ್ಳಿ ಕೂರಿಸಿ, ಕೋಟೆಯ ಮಣ್ಣು ಹಾಕಿದ ನೀರಿನಲ್ಲಿ ಕಪ್ಪು ಬರಿಸುವುದನ್ನು ಎದುರಿಗೇ ತೋರಿಸುತ್ತಾರೆ. ಆಮೇಲೆ ಚೌಕಾಶಿ ಮಾಡಲು ಬಾಯಿ ಬರುವುದಿಲ್ಲ.

ಬೀದರಿನಿಂದ ಬೆಂಗಳೂರಿಗೆ ಸುಮಾರು 700 ಕಿಲೋಮೀಟರ್. ಇಡೀ ಗುಂಪು ಮತ್ತೆ ಅದೇ ಬಸ್ಸಿನಲ್ಲಿ ಬರಬೇಕೆಂದಿಲ್ಲ. ಸುಸ್ತಾದವರು ಬೀದರಿನಲ್ಲೇ ಇಳಿದುಕೊಂಡು ರೈಲಿಗೆ ಬನ್ನಿ, ಟಿಕೆಟ್ ಮಾತ್ರ ಹೊರಡುವ ಮುಂಚೆಯೇ ಮಾಡಿಸಿಡಿ.